ಆಡಿಷನ್ 1.5 ಬಿಡಲು ಮನಸ್ಸು ಬರುತ್ತಿಲ್ಲ, ನೀವೆಲ್ಲ ಎಂತ ಮಾಡಿದ್ರಿ?

ಕಲ್ಸಂಕದ ಕಿವಿ
ಎಲ್ಲರಿಗೂ ನಮಸ್ಕಾರ. ಉಡುಪಿಯಲ್ಲಿ ನನ್ನದೊಂದು ಸಣ್ಣ ರೆಕಾರ್ಡಿಂಗ್ ರೂಮ್ ಉಂಟು. ಭಜನೆ, ತುಳು ನಾಟಕದ ಧ್ವನಿ, ಹಳೆ ಯಕ್ಷಗಾನ ಕ್ಯಾಸೆಟ್ ಕಂಪ್ಯೂಟರಿಗೆ ಹಾಕಿಕೊಡುವುದು, ಹೀಗೆ. 2005ರಿಂದ ಇವತ್ತಿನವರೆಗೆ ಎಲ್ಲ ಕೆಲಸವೂ ಅಡೋಬಿ ಆಡಿಷನ್ 1.5 ಅನ್ನುವ ಧ್ವನಿ ಎಡಿಟ್ ಮಾಡುವ ಸಾಫ್ಟ್‌ವೇರಿನಲ್ಲೇ. ಕಂಪ್ಯೂಟರ್ ಕೂಡ ಅದೇ ಕಾಲದ್ದು, ಪೆಂಟಿಯಂ 4, ವಿಂಡೋಸ್ ಎಕ್ಸ್‌ಪಿ.

ಮೊನ್ನೆ ಸಿಡಿಲು ಬಡಿದ ಮರುದಿನ ಅದು ಆನ್ ಆಗಲಿಲ್ಲ. ಬಿಚ್ಚಿ ನೋಡಿದರೆ ಮದರ್‌ಬೋರ್ಡಿನಲ್ಲಿ ನಾಲ್ಕು ಕೆಪಾಸಿಟರ್ ತಲೆ ಉಬ್ಬಿ ಕೂತಿದ್ದವು. ರಿಪೇರಿಯವರು ಬದಲಿಸಿಕೊಟ್ಟರು, ಈಗ ಓಡುತ್ತಿದೆ. ಆದರೆ "ಇದನ್ನು ನಂಬಿ ಕೂರಬೇಡಿ" ಅಂತ ಹೇಳಿಯೇ ಕೊಟ್ಟದ್ದು.

ಅಕ್ಕನ ಮಗ ಅವನ ಲ್ಯಾಪ್‌ಟಾಪಿನಲ್ಲಿ ಹೊಸ ಆಡಿಷನ್ ತೋರಿಸಿದ. ಒಂದು ವಾರ ಪ್ರಯತ್ನ ಮಾಡಿದೆ. ಕೈ ಹೋದಲ್ಲಿ ಬಟನ್ ಇಲ್ಲ. ಹತ್ತು ನಿಮಿಷದ ಕೆಲಸಕ್ಕೆ ಒಂದು ಗಂಟೆ. ಮತ್ತೆ ಹಳೆಯದಕ್ಕೇ ಬಂದು ಕೂತೆ, ಆ ಕಪ್ಪು ಪರದೆ ಮೇಲಿನ ಹಸಿರು ಅಲೆ ನೋಡಿದ ಮೇಲೆ ಉಸಿರು ಬಂತು.

ಎರಡು ಪ್ರಶ್ನೆ. ಹಳೆಯದರಲ್ಲಿ ನಿಜವಾಗಿ ಎಂತಾದರೂ ಉಂಟಾ, ಅಥವಾ ಇದು ನನ್ನ ಅಭ್ಯಾಸ ಮಾತ್ರವಾ? ಮತ್ತೆ, ಮುನ್ನೂರಕ್ಕೂ ಜಾಸ್ತಿ ಹಳೆ ಸೆಷನ್ (ಒಂದೊಂದು ಕೆಲಸದ ಟ್ರ್ಯಾಕ್ ಜೋಡಣೆಯ ಫೈಲ್) ಉಂಟು, ಅವುಗಳ ಗತಿ ಏನು?

ಮಲ್ಪೆ ಗಾಳಿ
ಮೊದಲು ಹಾರ್ಡ್ ಡಿಸ್ಕ್ ಕಾಪಿ ಮಾಡಿ. ಉಳಿದ ಮಾತು ಆಮೇಲೆ.

ಚೆಂಡೆಪೆಟ್ಟು
ಹಳೆಯದರ ಸೌಂಡೇ ಬೇರೆ ಮಾರಾಯ್ರೆ. ನಾನು 1.5ರಲ್ಲಿ ಮಿಕ್ಸ್ ಮಾಡಿದ ಚೆಂಡೆಗೆ ಒಂದು ತೂಕ ಇರುತ್ತಿತ್ತು. ಹೊಸದರಲ್ಲಿ ಅದೇ ಚೆಂಡೆ ತೆಳುವಾಗಿ ಕೇಳುತ್ತದೆ. ಇದು ಅಭ್ಯಾಸ ಅಲ್ಲ, ಕಿವಿಯಲ್ಲಿ ಕೇಳಿದ್ದನ್ನು ಹೇಳುತ್ತಿದ್ದೇನೆ.

ಸುರತ್ಕಲ್ ಸೌಂಡ್
ಇದನ್ನು ಒಪ್ಪಲು ಆಗುವುದಿಲ್ಲ ಅಣ್ಣ. ಸಾಫ್ಟ್‌ವೇರ್ ಒಳಗೆ ನಡೆಯುವುದು ಕೂಡುವ ಲೆಕ್ಕ. ಟ್ರ್ಯಾಕ್‌ಗಳನ್ನು ಕೂಡುವುದರಲ್ಲಿ ಹಳೆಯದಕ್ಕೆ ಒಂದು ಉತ್ತರ, ಹೊಸದಕ್ಕೆ ಇನ್ನೊಂದು ಉತ್ತರ ಬರುವುದಿಲ್ಲ.

ನೀವೇ ಪರೀಕ್ಷೆ ಮಾಡಿ ನೋಡಿ. ಅದೇ ಆರು ಟ್ರ್ಯಾಕನ್ನು ಎರಡರಲ್ಲೂ ಇಡಿ. ಯಾವ ಎಫೆಕ್ಟೂ ಬೇಡ, ಡಿದರ್ (ಬಿಟ್ ಇಳಿಸುವಾಗ ಸೇರಿಸುವ ಸಣ್ಣ ಗಲಾಟೆ) ಆಫ್ ಇರಲಿ, ವಾಲ್ಯೂಮ್ ಸೊನ್ನೆ ಡೆಸಿಬೆಲ್‌ನಲ್ಲಿ, ಅಂದರೆ ಏರಿಸದೆ ಇಳಿಸದೆ. ಎರಡರಿಂದಲೂ ಮಿಕ್ಸ್‌ಡೌನ್, ಅಂದರೆ ಎಲ್ಲ ಟ್ರ್ಯಾಕ್ ಸೇರಿಸಿದ ಒಂದು ಫೈಲ್, ತೆಗೆಯಿರಿ. ಒಂದರ ಅಲೆಯನ್ನು ಇನ್ವರ್ಟ್ (ತಲೆಕೆಳಗು) ಮಾಡಿ ಇನ್ನೊಂದರ ಕೆಳಗೆ ಇಟ್ಟು ಪ್ಲೇ ಮಾಡಿ. ಎರಡೂ ಒಂದೇ ಆಗಿದ್ದರೆ ಒಂದನ್ನೊಂದು ತಿಂದು ಹಾಕುತ್ತವೆ, ಪೂರ್ತಿ ಮೌನ.

ನಿಮಗೆ ತೆಳು ಅನಿಸಿದ್ದಕ್ಕೆ ಕಾರಣ ಪ್ಯಾನ್ ಲಾ, ಅಂದರೆ ಸದ್ದನ್ನು ಎಡ ಬಲಕ್ಕೆ ಹಂಚುವ ಲೆಕ್ಕ, ಆಗಿರಬಹುದು. ಮೊನೊ ಟ್ರ್ಯಾಕನ್ನು ನಡುವಿನಲ್ಲಿ ಇಟ್ಟಾಗ ಒಂದು ಸಾಫ್ಟ್‌ವೇರ್ ಅದನ್ನು 3 ಡೆಸಿಬೆಲ್ ತಗ್ಗಿಸುತ್ತದೆ, ಇನ್ನೊಂದು ಇದ್ದ ಹಾಗೆ ಬಿಡುತ್ತದೆ. 3 ಡೆಸಿಬೆಲ್ ಜೋರು ಇದ್ದದ್ದು ಯಾರಿಗೂ ತೂಕವಾಗಿಯೇ ಕೇಳುತ್ತದೆ.

ಚೆಂಡೆಪೆಟ್ಟು
ಪರೀಕ್ಷೆ ಮಾಡಿಯೇ ಹೇಳುತ್ತೇನೆ. ರಾತ್ರಿ ಕೂರುತ್ತೇನೆ.

ಕಂಕನಾಡಿ ಕೋರಸ್
ಕಲ್ಸಂಕದವರೇ, ನಿಮ್ಮ ಕಥೆಯೇ ನನ್ನದೂ. ನಾನು ಕೊಂಕಣಿ ಗಾಯನ ಬಳಗಗಳ ರೆಕಾರ್ಡಿಂಗ್ ಮಾಡುವವಳು. ಶುರು ಮಾಡಿದ್ದು ಕೂಲ್ ಎಡಿಟ್ ಪ್ರೋದಲ್ಲಿ. ಎಫ್12 ಒತ್ತಿದರೆ ಎಲ್ಲ ಟ್ರ್ಯಾಕ್ ಒಟ್ಟಿಗೆ ಕಾಣುವ ಮಲ್ಟಿಟ್ರ್ಯಾಕ್, ಮತ್ತೊಮ್ಮೆ ಒತ್ತಿದರೆ ಒಂದೇ ಫೈಲ್ ತಿದ್ದುವ ಎಡಿಟ್. ಇಪ್ಪತ್ತು ವರ್ಷ ಆಯ್ತು, ಈಗಲೂ ಬೇರೆ ಯಾವುದೋ ಪ್ರೋಗ್ರಾಮಿನಲ್ಲಿ ಬೆರಳು ಎಫ್12ಕ್ಕೆ ಹೋಗಿ ನಿಲ್ಲುತ್ತದೆ.

ಗೊತ್ತಿಲ್ಲದವರಿಗೆ ಹೇಳುತ್ತೇನೆ. ಆಡಿಷನ್ ಅಂದರೆ ಮೊದಲು ಕೂಲ್ ಎಡಿಟ್ಟೇ. ಅಮೆರಿಕದ ಅರಿಜೋನಾದಲ್ಲಿ ಸಿಂಟ್ರಿಲಿಯಮ್ ಅಂತ ಪುಟ್ಟ ಕಂಪನಿ, ಮೈಕ್ರೋಸಾಫ್ಟ್ ಬಿಟ್ಟು ಬಂದವರು ಕಟ್ಟಿದ್ದು. 2003ರಲ್ಲಿ ಅಡೋಬಿ ಅದನ್ನು 1.65 ಕೋಟಿ ಡಾಲರಿಗೆ ಕೊಂಡುಕೊಂಡಿತು. ಅದೇ ವರ್ಷ ಆಡಿಷನ್ 1.0 ಬಂತು, 2004ರಲ್ಲಿ 1.5. ಹಾಗಾಗಿ 1.5 ಅಂದರೆ ಒಳಗೆ ಹೆಚ್ಚುಕಡಿಮೆ ಕೂಲ್ ಎಡಿಟ್ಟೇ, ಹೊಸ ಅಂಗಿ ಹಾಕಿಕೊಂಡದ್ದು. ನಾವು ಬಿಡಲು ಆಗದೆ ಒದ್ದಾಡುತ್ತಿರುವುದು ಆ ಪುಟ್ಟ ಕಂಪನಿಯವರು ಹಾಕಿಕೊಟ್ಟ ದಾರಿಯನ್ನು.

ಮಣಿಪಾಲ ಹೊಸಬ
ನಾನು ಇಂಜಿನಿಯರಿಂಗ್ ಓದುತ್ತಿದ್ದೇನೆ, ಪಾಡ್‌ಕಾಸ್ಟ್ ಮಾಡುತ್ತೇನೆ. ತಪ್ಪು ತಿಳಿಯಬೇಡಿ, ಒಂದು ಪ್ರಶ್ನೆ. ಆಡಾಸಿಟಿ ಅನ್ನುವ ಧ್ವನಿ ಎಡಿಟರ್ ಫ್ರೀ ಸಿಗುತ್ತದಲ್ವಾ? ಅದರಲ್ಲೂ ಇದೇ ಕೆಲಸ ಆಗುತ್ತದೆ. ಹಳೆ ಕಂಪ್ಯೂಟರ್ ರಿಪೇರಿಗೆ ದುಡ್ಡು ಯಾಕೆ ಹಾಕುವುದು?

ಮೂಡುಬಿದಿರೆ ಮಿಕ್ಸರ್
ಆಗುತ್ತದೆ ತಮ್ಮಾ. ನಾನೂ ಬಳಸುತ್ತೇನೆ. ಆದರೆ ಅದರಲ್ಲಿ ರಿಯಲ್ ಟೈಮ್ ಎಫೆಕ್ಟ್ (ಪ್ಲೇ ಆಗುತ್ತಿರುವಾಗಲೇ ತಿದ್ದುವುದು) ಬಂದದ್ದೇ 2022ರಲ್ಲಿ. ಅದಕ್ಕೂ ಮೊದಲು ರಿವರ್ಬ್ (ಕೋಣೆಯ ಗುಂಗು) ಎಷ್ಟು ಬೇಕು ಅಂತ ಹಾಕಿ, ಕೇಳಿ, ಅನ್‌ಡೂ ಮಾಡಿ, ಮತ್ತೆ ಹಾಕಿ ನೋಡಬೇಕಿತ್ತು. ಕೂಲ್ ಎಡಿಟ್ ಪ್ರೋ 2ರಲ್ಲೇ 128 ಟ್ರ್ಯಾಕ್ ಇತ್ತು, ಟ್ರ್ಯಾಕಿಗೆ ಎಫೆಕ್ಟ್ ಹಾಕಿ ಕೇಳುತ್ತಲೇ ತಿದ್ದಬಹುದಿತ್ತು. ಈಗ ಆಡಾಸಿಟಿ ಚೆನ್ನಾಗಿದೆ, ಇಲ್ಲ ಅನ್ನುವುದಿಲ್ಲ. ಆಗಿನ ಕಾಲಕ್ಕೆ ನಮಗೆ ಬೇಕಾದದ್ದು ಕೊಟ್ಟದ್ದು ಕೂಲ್ ಎಡಿಟ್.

ಕಲ್ಸಂಕದವರೇ, ನಿಮ್ಮ ಎರಡನೇ ಪ್ರಶ್ನೆಗೆ. 1.5ರ ಸೆಷನ್ ಎಸ್‌ಇಎಸ್ ಫೈಲ್. ಹೊಸ ಆಡಿಷನ್‌ನ ಸೆಷನ್ ಎಸ್‌ಇಎಸ್‌ಎಕ್ಸ್. ಹೆಸರಿಗೆ ಒಂದಕ್ಷರ ವ್ಯತ್ಯಾಸ, ಒಳಗೆ ಪೂರ್ತಿ ಬೇರೆ. 2011ರಲ್ಲಿ ಆಡಿಷನ್ ಸಿಎಸ್ 5.5 ಆವೃತ್ತಿ ತಂದಾಗ ಮ್ಯಾಕ್‌ನಲ್ಲೂ ಓಡಬೇಕು ಅಂತ ಇಡೀ ಪ್ರೋಗ್ರಾಮನ್ನೇ ಹೊಸದಾಗಿ ಬರೆದರು. ಆಗ ಮಿಡಿ (ಕೀಬೋರ್ಡಿನಂಥ ವಾದ್ಯದ ಸ್ವರ ಸೂಚನೆ) ಸಪೋರ್ಟ್ ಹೋಯ್ತು, ಹಳೆ ಸೆಷನ್ ನೇರವಾಗಿ ತೆರೆಯುವುದೂ ಹೋಯ್ತು. ನಮ್ಮ ಕಡೆ ತುಂಬಾ ಜನ 1.5ರಲ್ಲೋ 3ರಲ್ಲೋ ನಿಂತುಬಿಟ್ಟದ್ದು ಇದೇ ಕಾರಣಕ್ಕೆ.

ದಾರಿ ಒಂದು ಉಂಟು. ಆಡಿಷನ್ 3.0.1ರಲ್ಲಿ ನಿಮ್ಮ ಸೆಷನ್ ತೆರೆದು ಎಕ್ಸ್‌ಎಂಎಲ್ ಆಗಿ ಸೇವ್ ಮಾಡಿದರೆ ಹೊಸದು ಅದನ್ನು ಓದುತ್ತದೆ. ತುಂಡುಗಳು ಜಾಗದಲ್ಲಿ ಬರುತ್ತವೆ. ಈಕ್ಯೂ (ಮೇಲಿನ, ಕೆಳಗಿನ ಸ್ವರ ಏರಿಳಿಸುವ ಸೆಟ್ಟಿಂಗ್), ಎಫೆಕ್ಟ್ ಎಲ್ಲ ಬರುತ್ತದೆ ಅಂತ ನಂಬಬೇಡಿ.

ಮಲ್ಪೆ ಗಾಳಿ
ಆಡಿಷನ್ 3 ಈಗ ಫ್ರೀ ಅಲ್ವಾ? ಯಾರೋ ಸೀರಿಯಲ್ ನಂಬರ್ ಸಮೇತ ಕಳಿಸಿದ್ದರು.

ಸುರತ್ಕಲ್ ಸೌಂಡ್
ಫ್ರೀ ಅಲ್ಲ. 2013ರಲ್ಲಿ ಅಡೋಬಿಯವರು ಸಿಎಸ್2 (ಅವರದೇ ಹಳೆ ಸಾಫ್ಟ್‌ವೇರ್ ಕಟ್ಟು), ಆಡಿಷನ್ 3 ಇವುಗಳ ಹಳೆ ಆ್ಯಕ್ಟಿವೇಷನ್ ಸರ್ವರ್ ನಿಲ್ಲಿಸಿದರು. ಮೊದಲೇ ದುಡ್ಡು ಕೊಟ್ಟು ತೆಗೆದುಕೊಂಡವರಿಗೆ ತೊಂದರೆ ಆಗಬಾರದು ಅಂತ ಆ್ಯಕ್ಟಿವೇಷನ್ ಬೇಡದ ಕಾಪಿ ಕೊಟ್ಟದ್ದು. ಅದನ್ನೇ ಜನ ಫ್ರೀ ಅಂತ ಹಂಚಿದರು. ಲೈಸೆನ್ಸ್ ಇದ್ದವರಿಗೆ ಮಾತ್ರ ಅದು.

ಟೇಪ್ ರೀಲು
ನಾನು ವಯಸ್ಸಾದವ, ನಿಧಾನ ಬರೆಯುತ್ತೇನೆ.

ಸಾಫ್ಟ್‌ವೇರ್ ಬರುವ ಮೊದಲು ಟೇಪ್ ಕತ್ತರಿಸಿ ಜೋಡಿಸುವ ಕೆಲಸ ಮಾಡಿದವ ನಾನು. ಮಂಗಳೂರು ಆಕಾಶವಾಣಿ 1976ರಲ್ಲಿ ಶುರುವಾದಾಗ ನಮಗೆಲ್ಲ ಅದೊಂದು ದೊಡ್ಡ ಸಂಭ್ರಮ, ಆ ಕಾಲದ ಮಾತು ಇದು. ರೀಲು ಟೇಪನ್ನು ಕೈಯಲ್ಲಿ ಹಿಂದೆ ಮುಂದೆ ಆಡಿಸಿ, ಮಾತು ಶುರುವಾಗುವ ಜಾಗ ಹುಡುಕಿ, ಮೇಣದ ಪೆನ್ಸಿಲಿನಲ್ಲಿ ಗುರುತು ಹಾಕಿ, ಬ್ಲೇಡಿನಲ್ಲಿ ಓರೆಯಾಗಿ ಕತ್ತರಿಸುವುದು. ನೇರ ಕತ್ತರಿಸಿದರೆ ಟಕ್ ಅಂತ ಕೇಳುತ್ತದೆ, ಓರೆ ಕತ್ತರಿಸಿದರೆ ಒಂದು ಇನ್ನೊಂದರೊಳಗೆ ಜಾರುತ್ತದೆ. ಸೆಕೆಂಡಿಗೆ 38 ಸೆಂಟಿಮೀಟರ್ ಓಡುವ ಟೇಪಿನಲ್ಲಿ ಒಂದು ಉಸಿರು ಅಂದರೆ ಒಂದು ಗೇಣು ಉದ್ದ. ಉಸಿರನ್ನು ಬೆರಳಿನಲ್ಲಿ ಹಿಡಿದು ನೋಡಬಹುದಿತ್ತು.

ಕೂಲ್ ಎಡಿಟ್ ಮೊದಲ ಸಲ ನೋಡಿದಾಗ ನನಗೆ ಯಾರೂ ಕಲಿಸಬೇಕಾಗಲಿಲ್ಲ. ಟೇಪು ಪರದೆ ಮೇಲೆ ಉದ್ದಕ್ಕೆ ಮಲಗಿತ್ತು ಅಷ್ಟೆ. ಆಯ್ಕೆ ಮಾಡಿ, ಡಿಲೀಟ್ ಒತ್ತಿದರೆ ಹೋಯ್ತು. ಫೈಲಿನಲ್ಲೇ ಹೋಯ್ತು. ಈಗಿನವರು ಅದನ್ನು ತಪ್ಪು ಅನ್ನುತ್ತಾರೆ, ಮೂಲ ಫೈಲನ್ನು ಮುಟ್ಟಬಾರದು ಅನ್ನುತ್ತಾರೆ. ಸರಿಯೇ. ಆದರೆ ಬ್ಲೇಡು ಹಿಡಿದವನಿಗೆ ಕತ್ತರಿಸಿದ್ದು ಕತ್ತರಿಸಿದ್ದೇ ಆಗಬೇಕು. ಹಾಗಿದ್ದರೆ ಮಾತ್ರ ಕತ್ತರಿಸುವ ಮೊದಲು ನಾಲ್ಕು ಸಲ ಕೇಳುತ್ತೇವೆ.

ಮೂಡುಬಿದಿರೆ ಮಿಕ್ಸರ್
ಸರ್, ಈ "ನಾಲ್ಕು ಸಲ ಕೇಳುವುದು" ಮಾತು ನನ್ನ ಹುಡುಗರಿಗೆ ಓದಿ ಹೇಳಿದೆ.

ಸುರತ್ಕಲ್ ಸೌಂಡ್
ಗೌರವದಿಂದಲೇ ಹೇಳುತ್ತೇನೆ ಸರ್, ಅದು ಅಪಾಯವೂ ಹೌದು. ಎಡಿಟ್ ವ್ಯೂನಲ್ಲಿ ಕತ್ತರಿಸಿ, ಸೇವ್ ಮಾಡಿ, ಮುಚ್ಚಿದ ಮೇಲೆ ಮೂಲ ಇಲ್ಲ. ನನಗೆ ಒಬ್ಬರು ತಂದುಕೊಟ್ಟ ತಾಳಮದ್ದಳೆ ಫೈಲಿನಲ್ಲಿ ಯಾರೋ ನಾಯ್ಸ್ ರಿಡಕ್ಷನ್ (ಹಿಂದಿನ ಗಲಾಟೆ ತೆಗೆಯುವ ಎಫೆಕ್ಟ್) ಅತಿಯಾಗಿ ಹಾಕಿ ಅದರ ಮೇಲೇ ಸೇವ್ ಮಾಡಿದ್ದರು. ಅರ್ಥಧಾರಿ (ಪಾತ್ರದ ಮಾತು ಆಡುವವರು) ಬಾವಿಯೊಳಗಿಂದ ಮಾತಾಡಿದ ಹಾಗೆ. ಮೂಲ ಕ್ಯಾಸೆಟ್ ಬಿಸಾಡಿ ಆಗಿತ್ತು.

ಟೇಪ್ ರೀಲು
ಇದು ಸಾಫ್ಟ್‌ವೇರಿನ ತಪ್ಪಲ್ಲ ಮಗಾ. ಕ್ಯಾಸೆಟ್ ಬಿಸಾಡಿದ್ದು ತಪ್ಪು.

ಕಲ್ಸಂಕದ ಕಿವಿ
ಇಲ್ಲಿ ನನ್ನದೂ ಸ್ವಲ್ಪ ಹೇಳಬೇಕು, ಯಾಕೆಂದರೆ ನಾನು 1.5ಕ್ಕೆ ಅಂಟಿಕೊಂಡದ್ದೇ ಈ ನಾಯ್ಸ್ ರಿಡಕ್ಷನ್‌ಗಾಗಿ.

ಕ್ಯಾಸೆಟ್ಟಿನಲ್ಲಿ ಅರ್ಥಧಾರಿ ಮಾತು ಮುಗಿಸಿ ಭಾಗವತರು ಹಾಡು ಎತ್ತುಗಡೆ (ಶುರು) ಮಾಡುವ ನಡುವೆ ಒಂದು ಸಣ್ಣ ಖಾಲಿ ಸಿಗುತ್ತದೆ. ಅರ್ಧ ಸೆಕೆಂಡ್ ಇದ್ದರೂ ಸಾಕು. ಅಲ್ಲಿ ಟೇಪಿನ ಹಿಸ್, ಸ್ಸ್ ಅನ್ನುವ ಸದ್ದು, ಮಾತ್ರ ಇರುತ್ತದೆ. ಆ ಜಾಗ ಆಯ್ಕೆ ಮಾಡಿ ಪ್ರೊಫೈಲ್ ತೆಗೆಯುವುದು, "ಇದೇ ಗಲಾಟೆ, ಇದನ್ನು ಮಾತ್ರ ತೆಗೆ" ಅಂತ ತೋರಿಸಿಕೊಟ್ಟ ಹಾಗೆ. ಆಮೇಲೆ ಇಡೀ ಕ್ಯಾಸೆಟ್ಟಿಗೆ ಹಾಕುವುದು. ನೂರಕ್ಕೆ ನೂರು ಎಳೆದರೆ ಸುರತ್ಕಲ್‌ನವರು ಹೇಳಿದ ಹಾಗೆ ಬಾವಿ ಸ್ವರ. ನಾನು ಕಡಿಮೆ ಇಟ್ಟು ಎರಡು ಸಲ ಹಾಕುತ್ತೇನೆ. ಅದಕ್ಕೂ ಮೊದಲು "ಕೀಪ್ ಓನ್ಲಿ ನಾಯ್ಸ್" ಒತ್ತಿ, ತೆಗೆದು ಹಾಕುವುದನ್ನು ಮಾತ್ರ ಕೇಳುತ್ತೇನೆ. ಅದರಲ್ಲಿ ಚಕ್ರತಾಳದ ಕಿಣಿ ಕೇಳಿದರೆ ಜಾಸ್ತಿ ಆಯ್ತು ಅಂತ ಅರ್ಥ. ತಾಳದ ನಾದ ಮತ್ತು ಟೇಪಿನ ಹಿಸ್ ಎರಡೂ ಮೇಲಿನ ಸ್ವರದಲ್ಲೇ ಇರುವುದು, ಒಂದನ್ನು ತೆಗೆಯಲು ಹೋದರೆ ಇನ್ನೊಂದು ಕೂಡ ಬರುತ್ತದೆ. ಆ ಗೆರೆ ಎಲ್ಲಿ ಅಂತ ನನಗೆ ಈ ಪರದೆಯಲ್ಲಿ ಗೊತ್ತು. ಸಂಖ್ಯೆ ಕೂಡ ನೋಡುವುದಿಲ್ಲ, ಸ್ಲೈಡರ್ ಎಲ್ಲಿ ನಿಲ್ಲಬೇಕು ಅಂತ ಕಣ್ಣಿಗೇ ಗೊತ್ತು.

ಸುರತ್ಕಲ್ ಸೌಂಡ್
ನೀವು ಹೇಳಿದ್ದು ಪೂರ್ತಿ ಒಪ್ಪಿದೆ. ಆದರೆ ಆ ಬಟನ್ ಹೊಸದರಲ್ಲೂ ಉಂಟು, "ಔಟ್‌ಪುಟ್ ನಾಯ್ಸ್ ಓನ್ಲಿ" ಅಂತ ಹೆಸರು. ಪ್ರೊಫೈಲ್ ತೆಗೆಯುವುದೂ ಹಾಗೆಯೇ. ನೀವು ಹೇಳಿದ ಜಾಣತನ ನಿಮ್ಮ ಕಿವಿಯಲ್ಲಿ ಇರುವುದು, 1.5ರಲ್ಲಿ ಅಲ್ಲ.

ಕಂಕನಾಡಿ ಕೋರಸ್
ಕಿವಿಯಲ್ಲೇ ಇರುವುದು ಹೌದು. ಆದರೆ ಕಿವಿಯಿಂದ ಕೈಗೆ ಬರುವ ದಾರಿ ಹತ್ತಿರ ಇರಬೇಕಲ್ವಾ? ಹಾಡುವವರು ಗಾಜಿನ ಆಚೆ ನಿಂತಿರುತ್ತಾರೆ. ಸ್ವರ ಬಿಸಿ ಇರುವಾಗಲೇ ಮುಂದಿನ ಟೇಕ್ ಆಗಬೇಕು. ಮೆನು ಹುಡುಕುತ್ತಾ ಎರಡು ನಿಮಿಷ ಕಳೆದರೆ ಅವರ ಉತ್ಸಾಹ ಇಳಿದಿರುತ್ತದೆ. ಗೊತ್ತಿರುವ ಸಾಫ್ಟ್‌ವೇರ್ ಅಂದರೆ ಹಾಡುವವರಿಗೂ ಒಳ್ಳೆಯದು. ನಾನು ಇದನ್ನು ಬರೀ ನೆನಪಿನ ವ್ಯಾಮೋಹ ಅಂತ ಬಿಡಲು ತಯಾರಿಲ್ಲ.

ಮಣಿಪಾಲ ಹೊಸಬ
ಇದು ನನಗೆ ಹೊಳೆದೇ ಇರಲಿಲ್ಲ ಅಕ್ಕ.

ಚೆಂಡೆಪೆಟ್ಟು
ಪರೀಕ್ಷೆ ಮಾಡಿದೆ. ಮೊದಲ ಸಲ ಮೌನ ಬರಲಿಲ್ಲ, ಮೆಲ್ಲಗೆ ಚೆಂಡೆ ಕೇಳುತ್ತಿತ್ತು. ನೋಡಿ, ನಾನು ಹೇಳಿದ್ದೇ ಸರಿ ಅಂತ ಬರೆಯಲು ಹೊರಟಿದ್ದೆ. ಆಮೇಲೆ ಸುರತ್ಕಲ್‌ನವರ ಮಾತು ನೆನಪಾಗಿ ಪ್ಯಾನ್ ಸೆಟ್ಟಿಂಗ್ ಎರಡರಲ್ಲೂ ಒಂದೇ ಮಾಡಿದೆ. ಮೀಟರ್ ಅಲ್ಲಾಡಲಿಲ್ಲ. ಪೂರ್ತಿ ಮೌನ. ಹದಿನೈದು ವರ್ಷದಿಂದ ಎಲ್ಲರಿಗೂ ಹಳೆಯದರ ಸೌಂಡ್ ಬೇರೆ ಅಂತ ಹೇಳಿಕೊಂಡು ಬಂದಿದ್ದೇನೆ. ತಪ್ಪು. ಇಲ್ಲೇ ಹೇಳುತ್ತೇನೆ.

ಆದರೂ 1.5 ಬಿಡುವುದಿಲ್ಲ, ಅದು ಬೇರೆ ವಿಷಯ.

ಸುರತ್ಕಲ್ ಸೌಂಡ್
ಪರೀಕ್ಷೆ ಮಾಡಿ ಬಂದು ಹೇಳಿದಿರಲ್ಲ, ದೊಡ್ಡದು ಅಣ್ಣ. ಚೆಂಡೆ ತೆಳುವಾಗಲು ಇನ್ನೊಂದು ಕಾರಣ ಎಂಪಿ3. ಪೆಟ್ಟು ಬೀಳುವ ಮೊದಲೇ ಒಂದು ಸಣ್ಣ ಕೊಳೆ ಸದ್ದು ಹರಡುತ್ತದೆ, ಅದರಿಂದ ಪೆಟ್ಟಿನ ಚೂಪು ಹೋಗುತ್ತದೆ. ಕಡಿಮೆ ಬಿಟ್‌ರೇಟಿನಲ್ಲಿ ಇನ್ನೂ ಜಾಸ್ತಿ. ಇಡಲು ವೇವ್ (ಧ್ವನಿಯನ್ನು ಕುಗ್ಗಿಸದ ಫೈಲ್), ಹಂಚಲು ಮಾತ್ರ ಎಂಪಿ3.

ಮಲ್ಪೆ ಗಾಳಿ
ನಾನು ಸ್ಟೈನ್‌ಬರ್ಗ್ ಕಂಪನಿಯ ರೆಕಾರ್ಡಿಂಗ್ ಸಾಫ್ಟ್‌ವೇರ್ ಕ್ಯೂಬೇಸ್ 5ರಲ್ಲಿ ಇದ್ದೇನೆ. 2009ರದ್ದು. ಹಾಡುವವರ ಶ್ರುತಿ ತಿದ್ದುವ ವೇರಿಆಡಿಯೋ ಅದರಲ್ಲೇ ಬಂದದ್ದು. ಅದರ ಮುಂದೆ ಎಂತ ಬೇಕು?

ಮೂಡುಬಿದಿರೆ ಮಿಕ್ಸರ್
ಡಾಂಗಲ್, ಅಂದರೆ ಲೈಸೆನ್ಸ್ ಇರುವ ಯುಎಸ್‌ಬಿ ಕಡ್ಡಿ, ಜೋಪಾನ. ಸ್ಟೈನ್‌ಬರ್ಗ್‌ನವರು 2022ರಿಂದ ಡಾಂಗಲ್ ಇಲ್ಲದ ಲೈಸೆನ್ಸಿಗೆ ಹೋಗಿದ್ದಾರೆ. ನಿಮ್ಮ ಯುಎಸ್‌ಬಿ ಕಡ್ಡಿ ಕಳೆದರೆ ಅಥವಾ ಮುರಿದರೆ ಕಷ್ಟ. ಇನ್ನು ಲಾಜಿಕ್ ಅನ್ನುವ ರೆಕಾರ್ಡಿಂಗ್ ಸಾಫ್ಟ್‌ವೇರಿನ ಕಥೆ ಎಲ್ಲರಿಗಿಂತ ಬೇಸರದ್ದು. 2002ರಲ್ಲಿ ಆ್ಯಪಲ್ ಅದನ್ನು ಮಾಡುತ್ತಿದ್ದ ಇಮ್ಯಾಜಿಕ್ ಕಂಪನಿಯನ್ನು ಕೊಂಡುಕೊಂಡು ಅದೇ ವರ್ಷ ವಿಂಡೋಸ್ ಆವೃತ್ತಿ ನಿಲ್ಲಿಸಿತು. 5.5.1ರಲ್ಲಿ ನಿಂತವರು ನಿಂತರು.

ಹೊಸದಕ್ಕೆ ಹೋಗುವುದಾದರೆ ನನ್ನ ಮತ ರೀಪರ್ ಅನ್ನುವ ರೆಕಾರ್ಡಿಂಗ್ ಸಾಫ್ಟ್‌ವೇರಿಗೆ. ಸಣ್ಣ ಸ್ಟುಡಿಯೋಗೆ ಲೈಸೆನ್ಸ್ 60 ಡಾಲರ್, ತಿಂಗಳ ಬಾಡಿಗೆ ಇಲ್ಲ. ಕೀಗಳನ್ನು ನಿಮಗೆ ಬೇಕಾದ ಹಾಗೆ ಬದಲಿಸಬಹುದು. ಕಂಕನಾಡಿ ಅಕ್ಕನಿಗೆ ಎಫ್12 ಕೂಡ ಸಿಗುತ್ತದೆ.

ಕಂಕನಾಡಿ ಕೋರಸ್
ಎಫ್12 ಸಿಗುತ್ತದೆ ಅಂದರೆ ನೋಡುತ್ತೇನೆ.

ಮಣಿಪಾಲ ಹೊಸಬ
1.5 ವಿಂಡೋಸ್ 10ರಲ್ಲಿ ಓಡುತ್ತದಾ? ಕುತೂಹಲಕ್ಕೆ ಕೇಳಿದೆ.

ಚೆಂಡೆಪೆಟ್ಟು
ನನ್ನಲ್ಲಿ ಓಡುತ್ತಿದೆ. 1.5ಕ್ಕೆ ಎಎಸ್‌ಐಒ (ಧ್ವನಿ ತಡವಾಗದ ಹಾಗೆ ಸಾಗಿಸುವ ಡ್ರೈವರ್) ಇಲ್ಲ, ಅದು ಬಂದದ್ದು 2.0ರಲ್ಲಿ. ಹಾಗಾಗಿ ಹಾಡಿದ್ದು ಹೆಡ್‌ಫೋನಿಗೆ ತಡವಾಗಿ ಬರುತ್ತದೆ. ಇಂಟರ್‌ಫೇಸಿನ (ಮೈಕನ್ನು ಕಂಪ್ಯೂಟರಿಗೆ ಜೋಡಿಸುವ ಪೆಟ್ಟಿಗೆ) ಡೈರೆಕ್ಟ್ ಮಾನಿಟರ್ ಹಾಕಿದರೆ ಸ್ವರ ನೇರ ಹೆಡ್‌ಫೋನಿಗೆ ಹೋಗುತ್ತದೆ, ಆ ತೊಂದರೆ ಇಲ್ಲ. ಕ್ಯಾಸೆಟ್ ಹಾಕಿಕೊಳ್ಳಲಿಕ್ಕೆ ತಡ ಆದರೂ ಎಂತ ಬೇಜಾರು?

ಸುರತ್ಕಲ್ ಸೌಂಡ್
ಕಲ್ಸಂಕದವರೇ, ಎಕ್ಸ್‌ಪಿ ಮೆಷಿನನ್ನು ಇಂಟರ್‌ನೆಟ್ಟಿಗೆ ಜೋಡಿಸಲೇಬೇಡಿ. 2014ರ ಏಪ್ರಿಲ್‌ನಿಂದ ಅದಕ್ಕೆ ರಕ್ಷಣೆಯ ಅಪ್‌ಡೇಟ್ ಇಲ್ಲ. ಡಿಸ್ಕಿನ ಎರಡು ಕಾಪಿ ಮಾಡಿ, ಒಂದು ಮನೆಯಲ್ಲಿ ಇರಲಿ. ಮತ್ತೆ, ಸೆಷನ್ ಫೈಲಿನ ಒಳಗೆ ಧ್ವನಿ ಇರುವುದಿಲ್ಲ ಅನ್ನುವುದು ನೆನಪಿರಲಿ. ಯಾವ ವೇವ್ ಎಲ್ಲಿ ಕೂರಬೇಕು ಅನ್ನುವ ಪಟ್ಟಿ ಮಾತ್ರ. ಎಸ್‌ಇಎಸ್ ಮಾತ್ರ ಕಾಪಿ ಮಾಡಿ ವೇವ್ ಬಿಟ್ಟರೆ ಖಾಲಿ ಚೀಲ.

ಮೂಡುಬಿದಿರೆ ಮಿಕ್ಸರ್
ನನ್ನಲ್ಲಿ ಆಡಿಷನ್ 3 ಬಿಲ್ ಸಮೇತ ತೆಗೆದದ್ದು ಉಂಟು. ಡಿಸ್ಕ್ ಹಿಡ್ಕೊಂಡು ಬನ್ನಿ ಕಲ್ಸಂಕದವರೇ, ಕೂತು ನೋಡುವ. ದುಡ್ಡಿನ ಮಾತು ಬೇಡ.

ಕಲ್ಸಂಕದ ಕಿವಿ
ಎಷ್ಟು ದೊಡ್ಡ ಮಾತು ಹೇಳಿದಿರಿ. ಭಾನುವಾರ ಬರುತ್ತೇನೆ.

ಕಲ್ಸಂಕದ ಕಿವಿ
ಹೋಗಿ ಬಂದೆ, ಆದದ್ದು ಹೇಳುತ್ತೇನೆ.

ಮೊದಲ ಸೆಷನ್ ತೆರೆದ ಕೂಡಲೇ ಫೈಲ್ ಸಿಗುವುದಿಲ್ಲ ಅಂತ ಬಂತು. ನನ್ನ ಮೆಷಿನಿನಲ್ಲಿ ಎಲ್ಲ ಡಿ ಡ್ರೈವಿನಲ್ಲಿ ಇತ್ತು, ಅವರಲ್ಲಿ ಅದು ಎಫ್ ಆಗಿತ್ತು. ಡ್ರೈವಿನ ಅಕ್ಷರ ಬದಲಿಸಿದ ಮೇಲೆ ಎಲ್ಲ ತನ್ನ ಜಾಗದಲ್ಲಿ ಬಂದು ಕೂತಿತು. ಎಕ್ಸ್‌ಎಂಎಲ್ ಮಾಡಿ ಹೊಸದರಲ್ಲಿ ತೆರೆದೆವು. ತುಂಡುಗಳು ಬಂದವು, ನಾನು ಹಾಕಿದ ಈಕ್ಯೂ ಬರಲಿಲ್ಲ. 2007ರ ಒಂದು ಭಜನೆಯಲ್ಲಿ ಹಾರ್ಮೋನಿಯಂ ತುಂಬಾ ಮುಂದೆ ಬಂದು ಹಾಡುವವರ ಸ್ವರವೇ ಮುಚ್ಚಿಹೋಯ್ತು.

ಅದಕ್ಕೆ ಮೂಡುಬಿದಿರೆಯವರು ಬೇರೆ ದಾರಿ ಹೇಳಿದರು. ಪ್ರತಿ ಟ್ರ್ಯಾಕನ್ನೂ ಈಕ್ಯೂ ಸಮೇತ, ಸೊನ್ನೆ ಸೆಕೆಂಡಿನಿಂದ ಕೊನೆಯವರೆಗೆ ಒಂದೇ ಉದ್ದದ ವೇವ್ ಮಾಡಿ ಇಡುವುದು. ಆಗ ಯಾವ ಸಾಫ್ಟ್‌ವೇರಿನಲ್ಲಿ ಹಾಕಿದರೂ ಎಲ್ಲ ಸಾಲಾಗಿ ಕೂರುತ್ತದೆ, ಸೆಷನ್ ಫೈಲೇ ಬೇಡ. ಜಾಗ ಜಾಸ್ತಿ ತಿನ್ನುತ್ತದೆ, 16 ಬಿಟ್ ಸ್ಟೀರಿಯೋ ನಿಮಿಷಕ್ಕೆ ಹತ್ತು ಎಂಬಿ ಲೆಕ್ಕ. ಆದರೆ ಈಗ ಡಿಸ್ಕ್ ಅಷ್ಟೇನೂ ದುಬಾರಿ ಅಲ್ಲ. ದಿನಕ್ಕೆ ಐದು ಸೆಷನ್ ಮಾಡುತ್ತಿದ್ದೇನೆ, ಮಳೆಗಾಲ ಮುಗಿಯುವುದರೊಳಗೆ ಎಲ್ಲ ಆಗಬೇಕು.

ಕೆಲಸಕ್ಕೆ ಮಾತ್ರ 1.5ರಲ್ಲೇ ಇರುತ್ತೇನೆ, ವಿಂಡೋಸ್ 10 ಇರುವ ಇನ್ನೊಂದು ಮೆಷಿನಿಗೆ ಹಾಕಿಕೊಂಡೆ. ಹೊಸ ಭಜನೆ ರೆಕಾರ್ಡಿಂಗ್ ಬಂದರೆ ಅಕ್ಕನ ಮಗ ರೀಪರಿನಲ್ಲಿ ಮಾಡುತ್ತಾನೆ, ನಾನು ಪಕ್ಕದಲ್ಲಿ ಕೂತು ಕೇಳುತ್ತೇನೆ. ಕ್ಯಾಸೆಟ್ ನನ್ನ ಕೈಯಲ್ಲೇ.

ಟೇಪ್ ರೀಲು
ಒಳ್ಳೆಯದಾಯ್ತು. ನನ್ನಲ್ಲಿ ತಾಳಮದ್ದಳೆಯ ಹನ್ನೊಂದು ಕ್ಯಾಸೆಟ್ ಉಂಟು, ಎಲ್ಲ ಸಿ-90, ತೊಂಬತ್ತು ನಿಮಿಷದ್ದು. ಎರಡಕ್ಕೆ ಬೂಷ್ಟು ಹಿಡಿದಿದೆ. ನಿಮ್ಮಲ್ಲಿ ತಂದರೆ ಮಾಡಿಕೊಡುತ್ತೀರಾ? ನನ್ನ ಟೇಪ್ ರೆಕಾರ್ಡರಿನಲ್ಲಿ ಒಮ್ಮೆ ಹಾಕಿ ನೋಡಿ ತರಲಾ?

ಕಲ್ಸಂಕದ ಕಿವಿ
ಹಾಕಬೇಡಿ ಸರ್, ದಯವಿಟ್ಟು. ಬೂಷ್ಟು ಹಿಡಿದದ್ದನ್ನು ಓಡಿಸಿದರೆ ಟೇಪು ಒಂದಕ್ಕೊಂದು ಅಂಟಿ ಹರಿಯುತ್ತದೆ, ಹೆಡ್ಡಿಗೂ ಬೂಷ್ಟು ಮೆತ್ತಿ ಉಳಿದ ಒಂಬತ್ತಕ್ಕೂ ಹರಡುತ್ತದೆ. ಆ ಎರಡನ್ನು ಬೇರೆ ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ ತನ್ನಿ. ಹಿಂದಕ್ಕೂ ಸುತ್ತಬೇಡಿ, ಎಲ್ಲಿ ನಿಂತಿದೆಯೋ ಅಲ್ಲೇ ಇರಲಿ. ಬುಧವಾರ ಸಂಜೆ ನಾಲ್ಕರ ಮೇಲೆ ನಾನು ರೂಮಿನಲ್ಲೇ ಇರುತ್ತೇನೆ.